ವನ್ಯಪ್ರಾಣಿ ಸಾಕಣೆ: ರಸೀದಿಯೊಂದೇ ಸಾಲದು

ಹುಲಿ, ಚಿರತೆ, ಹೆಬ್ಬಾವುಗಳನ್ನು ಹಿಡಿಯುವುದು, ಮಾರುವುದು, ಖಾಸಗಿಯಾಗಿ ಸಾಕುವುದು 1972ರ ವನ್ಯಜೀವಿ (ಸಂರಕ್ಷಣೆ) ಅಧಿನಿಯಮದನ್ವಯ ಅಪರಾಧ. ಇವು ಒಂದನೆಯ ಅನುಸೂಚಿಯಲ್ಲಿರುವುದರಿಂದ 3ರಿಂದ 7 ವರ್ಷಗಳ ಕಾರಾಗೃಹವಾಸ, ಕನಿಷ್ಠ 25,000 ರೂ. ಜುಲ್ಮಾನೆ ವಿಧಿಸಬಹುದು.

ವಿದೇಶೀ ಪ್ರಾಣಿಗಳನ್ನು ದೇಶದೊಳಗೆ ಸಾಕಲು ಈ ಅಧಿನಿಯಮದಲ್ಲಿ ಮೊದಲು ನಿರ್ಬಂಧವಿರಲಿಲ್ಲ. 2023ರ ಏಪ್ರಿಲ್ 1ರಿಂದ ಜಾರಿಗೆ ಬಂದ ತಿದ್ದುಪಡಿ ಈ ಕೊರತೆಯನ್ನು ನೀಗಿಸಿತು. ನಾಲ್ಕನೆಯ ಅನುಸೂಚಿಯಲ್ಲಿರುವ ಅನಕೊಂಡ, ಇಗ್ವಾನಾ ಮೊದಲಾದವುಗಳನ್ನು ಹೊಂದಿರುವವರು ಪರಿವೇಶ್ 2.0 ಜಾಲತಾಣದಲ್ಲಿ ನೋಂದಾಯಿಸತಕ್ಕದ್ದು. 2024ರ ಫೆಬ್ರವರಿಯ ನಿಯಮಗಳು ಇದಕ್ಕೆ ಆರು ತಿಂಗಳ ಕಾಲಾವಕಾಶ ನೀಡಿದ್ದವು. ಅನಂತರ ಪಡೆದ ಪ್ರಾಣಿಗೆ 30 ದಿನಗಳ ಗಡುವು. ಜನನ, ಮರಣ, ಹಸ್ತಾಂತರಗಳನ್ನೂ ವರದಿ ಮಾಡಬೇಕು. ಉಲ್ಲಂಘನೆಯಾದಲ್ಲಿ ಪ್ರಾಣಿಯು ಕೇಂದ್ರ ಸರ್ಕಾರದ ಸ್ವತ್ತಾಗುತ್ತದೆ. ತೆತ್ತ ಹಣ ನಷ್ಟವೇ ಸರಿ. ಆದಕಾರಣ ಖರೀದಿಗೆ ಮುನ್ನ ಮಾರಾಟಗಾರರ ನೋಂದಣಿ ಪತ್ರವನ್ನು ಪರಿಶೀಲಿಸುವುದು ಕ್ಷೇಮಕರ.