ಊರಿನ ಜಾಗದ ತಕರಾರು: ಪೊಲೀಸ್ ಠಾಣೆಗೋ, ಸಿವಿಲ್ ಕೋರ್ಟಿಗೋ?

ಮುಂಬಯಿಗೆ ಬಂದು ಮೂವತ್ತು ನಲ್ವತ್ತು ವರ್ಷ ದುಡಿದವರಿಗೂ ಊರಿನ ಜಾಗದ ಮೇಲಿನ ಮಮತೆ ಕಡಿಮೆಯಾಗುವುದಿಲ್ಲ. ಅಲ್ಲಿ ತಕರಾರು ಎದ್ದಿತೆಂದರೆ ಇಲ್ಲಿ ನಿದ್ದೆ ಬರುವುದಿಲ್ಲ. ಬ್ಯಾಂಕಿನ ಕೌಂಟರಿನಲ್ಲಿ ಕುಳಿತ ನಮ್ಮಂಥವರ ಬಳಿಗೂ ಕಾಗದಪತ್ರ ಹಿಡಿದು ಬರುವ ಊರಿನವರು ಮೊದಲು ಕೇಳುವುದು, "ಪೊಲೀಸ್ ಕಂಪ್ಲೇಂಟ್ ಕೊಟ್ಟರೆ ಹೇಗೆ?" ಎಂದೇ.

ಸಾಮಾನ್ಯವಾಗಿ ನಡೆಯುವ ಒಂದು ಸಂಗತಿಯನ್ನು ನೋಡೋಣ. ತಂದೆ ತೀರಿಕೊಂಡ ನಂತರ ಊರಿನಲ್ಲಿದ್ದ ಅಣ್ಣ ಪಹಣಿಯಲ್ಲಿ ತನ್ನೊಬ್ಬನ ಹೆಸರು ಸೇರಿಸಿಕೊಂಡ. ಮುಂಬಯಿಯ ತಮ್ಮನಿಗೂ ಮದುವೆಯಾಗಿ ಹೋದ ತಂಗಿಗೂ ತಿಳಿಸಲಿಲ್ಲ. ಬಳಿಕ ಇಡೀ ಜಾಗ ತನ್ನದೆಂದೇ ಹೇಳಿ ಮಾರಿಬಿಟ್ಟ. ಇದು ಅನ್ಯಾಯ, ಸಂಶಯವಿಲ್ಲ. ಆದರೆ ಫೋರ್ಜರಿಯೇ? ಅಲ್ಲ. ಇನ್ನೊಬ್ಬರ ಆಸ್ತಿಯನ್ನು ತನ್ನದೆಂದು ಹೇಳಿ, ತನ್ನದೇ ಸಹಿ ಹಾಕಿ ಕ್ರಯಪತ್ರ ಬರೆದುಕೊಟ್ಟ ಮಾತ್ರಕ್ಕೆ ಅದು ಸುಳ್ಳು ದಸ್ತಾವೇಜು ಆಗುವುದಿಲ್ಲ ಎಂದು ಸುಪ್ರೀಂ ಕೋರ್ಟ್ 2009ರಲ್ಲಿ ಮೊಹಮ್ಮದ್ ಇಬ್ರಾಹಿಂ ಪ್ರಕರಣದಲ್ಲಿ ಹೇಳಿದೆ. ಹಣ ಕೊಟ್ಟು ಮೋಸಹೋದ ಖರೀದಿದಾರ ವಂಚನೆಯ ದೂರು ಕೊಡಬಹುದು. ಪಾಲು ಕಳಕೊಂಡ ತಮ್ಮ, ತಂಗಿಯರ ದಾರಿ ಸಿವಿಲ್ ದಾವೆ.

ಪಹಣಿಯಲ್ಲಿ ಹೆಸರಿದ್ದ ಮಾತ್ರಕ್ಕೆ ಯಾರೂ ಒಡೆಯರಾಗುವುದಿಲ್ಲ. ಖಾತೆ ಬದಲಾವಣೆಯ ವಿರುದ್ಧ ಸಹಾಯಕ ಆಯುಕ್ತರಿಗೆ ಮೇಲ್ಮನವಿ ಸಲ್ಲಿಸಬಹುದು. ಆದರೆ ಯಾರಿಗೆ ಎಷ್ಟು ಪಾಲು ಎಂಬುದನ್ನು ತೀರ್ಮಾನಿಸುವುದು ಸಿವಿಲ್ ಕೋರ್ಟು. ಠಾಣೆಯ ಇನ್‌ಸ್ಪೆಕ್ಟರಿಗೆ ಆ ಅಧಿಕಾರವಿಲ್ಲ. ಹಿಂದೂ ಅವಿಭಕ್ತ ಕುಟುಂಬದ ಪಿತ್ರಾರ್ಜಿತ ಆಸ್ತಿಯಲ್ಲಿ ಮಗಳಿಗೂ ಮಗನಷ್ಟೇ ಹಕ್ಕು ಹುಟ್ಟಿನಿಂದಲೇ ಇದೆಯೆಂದು 2020ರ ವಿನೀತಾ ಶರ್ಮಾ ತೀರ್ಪು ಸ್ಪಷ್ಟಪಡಿಸಿದೆ. ಜಾಗ ಎಲ್ಲಿದೆಯೋ ಅಲ್ಲಿಯ ಕೋರ್ಟಿನಲ್ಲೇ ದಾವೆ ಹೂಡಬೇಕು. ಕಾರ್ಕಳದ ಗದ್ದೆಗೆ ಮುಂಬಯಿಯಲ್ಲಿ ದಾವೆ ನಡೆಯದು. ಮಾರಾಟ ಇನ್ನೂ ಆಗಿಲ್ಲವಾದರೆ ತಾತ್ಕಾಲಿಕ ತಡೆಯಾಜ್ಞೆಯನ್ನೂ ಕೇಳಬಹುದು.

ಹಾಗಾದರೆ ಪೊಲೀಸರ ಬಳಿಗೆ ಹೋಗುವುದು ಯಾವಾಗ? ನಿಮ್ಮ ಸಹಿಯನ್ನು ಬೇರೆಯವರು ಹಾಕಿದ್ದರೆ, ನಕಲಿ ಮುಖ್ತಿಯಾರು ಪತ್ರ ಸೃಷ್ಟಿಸಿದ್ದರೆ, ನಿಮ್ಮ ಹೆಸರಿನಲ್ಲಿ ಇನ್ನೊಬ್ಬರನ್ನು ಸಬ್‌ರಿಜಿಸ್ಟ್ರಾರ್ ಕಚೇರಿಯಲ್ಲಿ ನಿಲ್ಲಿಸಿದ್ದರೆ, ಹೊಡೆದು ಬೆದರಿಸಿ ಮನೆಯಿಂದ ಹೊರಹಾಕಿದ್ದರೆ, ಅದು ಅಪರಾಧ. 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ನ್ಯಾಯ ಸಂಹಿತೆಯಡಿ ದೂರು ಕೊಡಲೇಬೇಕು. ಇಂಥ ಪ್ರಕರಣದಲ್ಲಿ ಸಿವಿಲ್ ದಾವೆಯೂ ಜೊತೆಯಲ್ಲೇ ನಡೆಯಬಹುದು, ಏಕೆಂದರೆ ಆರೋಪಿಗೆ ಶಿಕ್ಷೆಯಾದರೂ ಜಾಗದ ವಿಭಾಗ ತಾನಾಗಿ ಆಗುವುದಿಲ್ಲ.

ಕೇಸು ಹಾಕಿದರೆ ಅಣ್ಣ ಹೆದರಿ ದಾರಿಗೆ ಬರುತ್ತಾನೆ ಎಂಬ ಲೆಕ್ಕಾಚಾರ ಅಪಾಯಕಾರಿ. ಸಿವಿಲ್ ವಿವಾದಕ್ಕೆ ಕ್ರಿಮಿನಲ್ ಬಣ್ಣ ಬಳಿದು ಒತ್ತಡ ಹೇರುವುದನ್ನು ಸುಪ್ರೀಂ ಕೋರ್ಟ್ 2006ರಲ್ಲೇ ಖಂಡಿಸಿದೆ. ಅಂಥ ಎಫ್‌ಐಆರ್‌ಗಳನ್ನು ಹೈಕೋರ್ಟು ರದ್ದುಪಡಿಸಬಹುದು. ಅದಕ್ಕಿಂತ ದೊಡ್ಡ ನಷ್ಟ ಕಾಲದ್ದು. ಪತ್ರವನ್ನು ರದ್ದುಪಡಿಸುವ ದಾವೆಗೆ ವಿಷಯ ತಿಳಿದಂದಿನಿಂದ 3 ವರ್ಷದ ಅವಧಿ. ಕುಟುಂಬದ ಆಸ್ತಿಯಿಂದ ಹೊರಗಿಟ್ಟದ್ದು ತಿಳಿದ ಮೇಲೆ ಪಾಲು ಕೇಳಲು 12 ವರ್ಷ. ಠಾಣೆಗೆ ಅಲೆದ ಕಾಲವನ್ನು ಈ ಲೆಕ್ಕದಿಂದ ಕಳೆಯುವುದಿಲ್ಲ. ಸುಮ್ಮನೆ ಕಾದವರ ನ್ಯಾಯವಾದ ಪಾಲೂ ಕೈತಪ್ಪಬಹುದು.

ಆದುದರಿಂದ ಮೊದಲು ಪಹಣಿ, ಋಣಭಾರ ಪತ್ರ, ಕ್ರಯಪತ್ರದ ದೃಢೀಕೃತ ಪ್ರತಿ ತೆಗೆದುಕೊಳ್ಳಿ. ಪಹಣಿಯನ್ನು ಭೂಮಿ ತಾಣದಲ್ಲಿ, ಋಣಭಾರ ಪತ್ರವನ್ನು ಕಾವೇರಿ ತಾಣದಲ್ಲಿ ಮುಂಬಯಿಯಿಂದಲೇ ಪಡೆಯಬಹುದು. ಬಳಿಕ ಊರಿನ ಸಿವಿಲ್ ವಕೀಲರನ್ನು ಕಾಣಿ. ಮಹಿಳೆಯರಿಗೆ ಕಾನೂನು ಸೇವಾ ಪ್ರಾಧಿಕಾರದಿಂದ ಉಚಿತ ವಕೀಲರ ನೆರವೂ ದೊರೆಯುತ್ತದೆ, ಅದಕ್ಕೆ ಆದಾಯದ ಮಿತಿಯಿಲ್ಲ.

ಕೋರ್ಟಿನಲ್ಲಿ ಗೆದ್ದವ ಸೋತ, ಸೋತವ ಸತ್ತ ಎಂಬುದು ಹಿರಿಯರ ಮಾತು. ಲೋಕ ಅದಾಲತ್‌ನಲ್ಲಿ ರಾಜಿಯಾದರೆ ಅದಕ್ಕೆ ಡಿಕ್ರಿಯ ಬೆಲೆಯಿದೆ, ಕಟ್ಟಿದ ಕೋರ್ಟು ಶುಲ್ಕವೂ ಹಿಂದೆ ಸಿಗುತ್ತದೆ. ದಾವೆ ಹೂಡಿದ ಅಣ್ಣತಮ್ಮಂದಿರು ನಾಳೆ ಒಂದೇ ಚಾವಡಿಯಲ್ಲಿ ಕುಳಿತು ರಾಜಿ ಮಾಡಿಕೊಂಡಾರು. ಒಬ್ಬನನ್ನು ಲಾಕಪ್ಪಿಗೆ ಕಳುಹಿಸಿದ ಮೇಲೆ ಆ ಚಾವಡಿಗೆ ಕಾಲಿಡುವುದು ಕಷ್ಟ.