ಇಬ್ನ್ ದಾನಿಯಾಲನ ಛಾಯಾನಾಟಕಗಳು

ಅರಬ್ಬೀ ಭಾಷೆಗೆ ನಾಟಕವೆಂಬುದು ಹತ್ತೊಂಬತ್ತನೆಯ ಶತಮಾನದಲ್ಲಿ ಯೂರೋಪಿನಿಂದ ಬಂದುದೆಂದು ಹೇಳುವ ವಾಡಿಕೆಯುಂಟು. ನಟರು ರಂಗದಮೇಲೆ ನಿಂತು ಆಡುವ ನಾಟಕದ ಮಟ್ಟಿಗೆ ಈ ಮಾತು ಬಹುಮಟ್ಟಿಗೆ ಸಲ್ಲುವುದು. ಆದರೆ ತೆರೆಯ ಹಿಂದೆ ದೀಪವನ್ನಿಟ್ಟು, ತೊಗಲಿನ ಬೊಂಬೆಗಳನ್ನು ಕೋಲುಗಳಿಂದ ಆಡಿಸುವ 'ಖಯಾಲ್ ಅಲ್-ಜಿಲ್ಲ್' ಎಂಬ ಛಾಯಾನಾಟಕವು ಅದಕ್ಕೆ ಐದಾರು ಶತಮಾನಗಳಷ್ಟು ಹಿಂದೆಯೇ ಕೈರೋ ನಗರದಲ್ಲಿ ಪ್ರೌಢಿಮೆಯನ್ನು ಪಡೆದಿತ್ತು. 2006ರಲ್ಲಿ ದುಬೈಯಲ್ಲಿ ತೊಡಗಿದ 'ಫ್ರೀಜ್' ಮೊದಲಾದ ಚಲಿಸುವ ಚಿತ್ರಗಳ ಹಾಸ್ಯಮಾಲೆಗಳನ್ನು ಕೇವಲ ನೂತನ ಸೃಷ್ಟಿಯೆಂದೆಣಿಸುವವರು ಈ ಪೂರ್ವವೃತ್ತಾಂತವನ್ನು ಅರಿತಿರಬೇಕು.

ಇಬ್ನ್ ದಾನಿಯಾಲನು 1248ರ ಸುಮಾರಿನಲ್ಲಿ ಮೋಸುಲ್ ಪಟ್ಟಣದಲ್ಲಿ ಹುಟ್ಟಿ, ಮಂಗೋಲರ ದಂಡಯಾತ್ರೆಯ ತರುವಾಯ ಕೈರೋವನ್ನು ಸೇರಿದವನು, ಕಣ್ಣಿನ ವೈದ್ಯ. ಬಾಬ್ ಅಲ್-ಫುತೂಹ್ ಎಂಬ ಹೆಬ್ಬಾಗಿಲ ಬಳಿಯಲ್ಲಿ ಇವನ ಅಂಗಡಿಯಿತ್ತು. ಬೊಂಬೆಯಾಟದ ಮಿತ್ರನೊಬ್ಬನು, ಜನರಿಗೆ ಹಳೆಯ ಆಟಗಳು ಬೇಸರವಾಗಿವೆಯೆಂದು ಮೊರೆಯಿಡಲು, ಇವನು ಮೂರು ನಾಟಕಗಳನ್ನು ಬರೆದುಕೊಟ್ಟನು. ಪ್ರಾಸಬದ್ಧವಾದ ಗದ್ಯವೂ ಪದ್ಯವೂ ಬೆರೆತಿರುವುದರಿಂದ ಇವುಗಳ ಶೈಲಿ ನಮ್ಮ ಚಂಪುವನ್ನು ನೆನಪಿಗೆ ತರುತ್ತದೆ. ಸಂಬಂಧವೇನೂ ಇಲ್ಲ, ಸಾದೃಶ್ಯ ಮಾತ್ರ.

ಮೊದಲನೆಯದಾದ 'ತೈಫ್ ಅಲ್-ಖಯಾಲ್' ಎಂಬುದೇ ನಮ್ಮ ವಿಚಾರಕ್ಕೆ ಮುಖ್ಯವಾದುದು. ಸುಲ್ತಾನ್ ಬೈಬರ್ಸನು (ಆಳ್ವಿಕೆ 1260–1277) ಮದ್ಯವನ್ನೂ ಭಂಗಿಯನ್ನೂ ನಿಷೇಧಿಸಿ, ವೇಶ್ಯಾವಾಟಗಳನ್ನು ಮುಚ್ಚಿಸಿದ್ದನು. ಕವಿಯಂತೆಯೇ ಮೋಸುಲಿನಿಂದ ಬಂದ ಗೂನುಬೆನ್ನಿನ ಬೊಂಬೆಯು ಈ ಬರಿದಾದ ಬೀದಿಗಳನ್ನು ಕಂಡು, ಸೈತಾನನು ಸತ್ತನೆಂದು ನಿಶ್ಚಯಿಸಿ, ಅವನಿಗೆ ವಿಧಿವತ್ತಾಗಿ ಚರಮಗೀತೆಯನ್ನು ಹಾಡುವುದು! ಇದು ಸುಲ್ತಾನನ ಸ್ತುತಿಯೋ, ನಿಂದೆಯೋ? ಸೈತಾನನನ್ನೇ ಕೊಂದ ಪ್ರಭುವೆಂದರೆ ಇದಕ್ಕಿಂತ ಹೆಚ್ಚಿನ ಪ್ರಶಂಸೆಯಿಲ್ಲ. ಆದರೆ ಅಳುವವರ ಸಂಖ್ಯೆಯನ್ನು ನೋಡಿದರೆ ನಗೆ ತಡೆಯದು. ನಮ್ಮ ಆಲಂಕಾರಿಕರ ವ್ಯಾಜಸ್ತುತಿಗೆ ಇದು ಒಳ್ಳೆಯ ಲಕ್ಷ್ಯವಾದೀತು. ಬಳಿಕ ವಿಸಾಲನೆಂಬ ದಂಡಾಳು ದುರ್ವೃತ್ತಿಯನ್ನು ಬಿಟ್ಟು ಮದುವೆಯಾಗಲೆಳಸುವನು. ಉಮ್ಮ್ ರಶೀದ್ ಎಂಬ ಕುಂಟಣಿಯು ತಂದ ವಧುವಿನ ಮುಸುಕು ತೆಗೆಯಲು ಮಹಾವಿಕಾರರೂಪ ಕಾಣುವುದು. ಕುಂಟಣಿಯು ವೈದ್ಯನ ಚಿಕಿತ್ಸೆಯಿಂದಲೇ ಸಾಯುವಳು (ಬರೆದವನೂ ವೈದ್ಯನೆಂಬುದನ್ನು ಮರೆಯಬಾರದು). ವಿಸಾಲನು ಪಶ್ಚಾತ್ತಾಪಪಟ್ಟು ಮಕ್ಕಾಯಾತ್ರೆಗೆ ಮನಸ್ಸುಮಾಡುವನು.

ಎರಡನೆಯದರಲ್ಲಿ ಕಥೆಯೇ ಇಲ್ಲ. ಹಾವಾಡಿಗ, ನಕಲಿವೈದ್ಯ, ಮೃಗಗಳನ್ನು ಪಳಗಿಸುವವನು, ಹೀಗೆ ಸಂತೆಯ ಜನರು ಒಬ್ಬೊಬ್ಬರಾಗಿ ಬಂದು ತಮ್ಮ ತಮ್ಮ ವೃತ್ತಿಯ ಮಾತನ್ನಾಡಿ ಹೋಗುವರು. ಭಾಣದಲ್ಲಿ ವಿಟನೊಬ್ಬನೇ ಎಲ್ಲರನ್ನೂ ವರ್ಣಿಸುವನು; ಇಲ್ಲಿ ಅವರವರದೇ ದನಿ. ಮೂರನೆಯದು ಪ್ರೇಮೋನ್ಮತ್ತನ ಕಥೆ; ಕೋಳಿ, ಟಗರು, ಗೂಳಿಗಳ ಕಾಳಗಗಳಾದಮೇಲೆ ಔತಣದ ನಡುವೆ ಮೃತ್ಯುದೇವತೆ ಬರುವುದು, ನಾಯಕನು ಪಶ್ಚಾತ್ತಾಪಪಡುವನು.

ಈ ಪಶ್ಚಾತ್ತಾಪವು ಅಶ್ಲೀಲವನ್ನು ಮರೆಮಾಡುವ ಹೊದಿಕೆಯಷ್ಟೇ ಎಂಬ ಅಭಿಪ್ರಾಯವುಂಟು. ನಮಗೆ ಅದು ಸಮ್ಮತವಲ್ಲ. ಇದೇ ಕೈರೋವಿನಲ್ಲಿ 1235ರಲ್ಲಿ ತೀರಿಕೊಂಡ ಸೂಫಿಕವಿ ಇಬ್ನ್ ಅಲ್-ಫಾರಿದನು, ತೆರೆಯ ನೆರಳುಗಳನ್ನೂ ಅವುಗಳನ್ನಾಡಿಸುವ ಒಬ್ಬನನ್ನೂ ಜಗತ್ತಿಗೂ ಈಶ್ವರನಿಗೂ ದೃಷ್ಟಾಂತವಾಗಿ ಬಳಸಿದ್ದನು. ಆ ಸಂಸ್ಕಾರವುಳ್ಳ ಪ್ರೇಕ್ಷಕರಿಗೆ ದೀಪವಾರುವುದೆಂದರೆ ಬರಿಯ ಆಟದ ಮುಗಿತಾಯವಾಗಿರಲಾರದು. ಆದಕಾರಣ 1960ರ ದಶಕದಲ್ಲಿ ಕೈರೋವಿನ ಪರಿಷ್ಕರಣವು ಅಶ್ಲೀಲಭಾಗಗಳನ್ನು ಕತ್ತರಿಸಿದುದು ದೊಡ್ಡ ಹಾನಿ. ಪಾಪವನ್ನು ತೆಗೆದುಹಾಕಿದ ಪುಸ್ತಕದಲ್ಲಿ ಪಶ್ಚಾತ್ತಾಪಕ್ಕೆ ಆಧಾರವೆಲ್ಲಿ? ಜರ್ಮನಿಯ ಪಂಡಿತ ಪೌಲ್ ಕಾಲೆಯು ಸಿದ್ಧಪಡಿಸಿದ್ದ ಪೂರ್ಣಪಾಠವು ಅಚ್ಚಾದುದು ಅವನ ಮರಣಾನಂತರ, 1992ರಲ್ಲಿ.

ಪ್ರಭುಗಳಿಗಂತೂ ಈ ಕಲೆಯಲ್ಲಿ ಭಯವೂ ಮೋಹವೂ ಸಮನಾಗಿದ್ದುವು. 1451ರಲ್ಲಿ ಸುಲ್ತಾನ್ ಜಕ್ಮಕನು ಬೊಂಬೆಗಳನ್ನು ಸುಡಿಸಿದನು. 1517ರಲ್ಲಿ ಈಜಿಪ್ಟನ್ನು ಗೆದ್ದ ತುರ್ಕಿಯ ಸಲೀಮನಾದರೋ, ತಾನು ನೇಣುಹಾಕಿಸಿದ ತೂಮಾನ್ ಬಾಯಿಯ ಮರಣವನ್ನು ಅದೇ ತೆರೆಯಮೇಲೆ ನೋಡಿ ಆನಂದಿಸಿ, ಆಟದವನಿಗೆ ಉಡುಗೊರೆಯನ್ನಿತ್ತನು.