ಕರೆಯದೇ ಎದ್ದ ಸಾಕ್ಷಿ

1986ರ ಜನವರಿ 28. ಫ್ಲಾರಿಡಾದಿಂದ ಮೇಲೇರಿದ ಅಮೆರಿಕದ ಗಗನನೌಕೆ ಚಾಲೆಂಜರ್ 73 ಸೆಕೆಂಡುಗಳಲ್ಲಿ ಒಡೆದು ಚೂರಾಯಿತು. ಕ್ರಿಸ್ಟಾ ಮೆಕಾಲಿಫ್ ಎಂಬ ಶಾಲಾ ಶಿಕ್ಷಕಿಯೂ ಸೇರಿ ಏಳು ಮಂದಿ ಅಸುನೀಗಿದರು.

ನೌಕೆಯ ಪಕ್ಕದ ಬೂಸ್ಟರ್ ರಾಕೆಟ್ಟನ್ನು ತುಂಡುತುಂಡಾಗಿ ಜೋಡಿಸಿದ್ದರು. ಆ ಸಂದುಗಳಲ್ಲಿ ಬಿಸಿ ಅನಿಲ ಸೋರದಂತೆ ರಬ್ಬರಿನ ಜೋಡಿ ಉಂಗುರಗಳಿದ್ದವು. ಕುಕ್ಕರಿನ ಗ್ಯಾಸ್ಕೆಟ್ ನೆನಪಿಸಿಕೊಳ್ಳಿ; ಅದು ಗಡುಸಾದರೆ ಆವಿ ಸೋರುತ್ತದೆ. ಚಳಿಯಲ್ಲಿ ಈ ಉಂಗುರಗಳೂ ಗಡುಸಾಗುತ್ತವೆ.

ಇದು ಗೊತ್ತಿಲ್ಲದ ಸಂಗತಿಯಲ್ಲ. ಬೂಸ್ಟರ್ ತಯಾರಿಸಿದ ಮಾರ್ಟನ್ ಥಿಯೊಕಾಲ್ ಕಂಪೆನಿಯ ಎಂಜಿನಿಯರುಗಳು ಹಿಂದಿನ ರಾತ್ರಿಯ ದೂರವಾಣಿ ಸಭೆಯಲ್ಲಿ, ಉಷ್ಣತೆ ಸುಮಾರು 12 ಡಿಗ್ರಿ ಸೆಲ್ಸಿಯಸ್‌ಗಿಂತ ಕಡಿಮೆಯಿದ್ದರೆ ಹಾರಿಸಬೇಡಿ ಎಂದಿದ್ದರು. ನಾಸಾ ಅಧಿಕಾರಿಗಳಿಗೆ ಹಿಡಿಸಲಿಲ್ಲ. ಕಂಪೆನಿಯ ಮೇಲಿನವರು ಅರ್ಧ ಗಂಟೆ ತಮ್ಮಲ್ಲೇ ಮಾತಾಡಿಕೊಂಡು ಸಲಹೆಯನ್ನು ತಿರುವಿಹಾಕಿದರು. ಉಡಾವಣಾ ಕೇಂದ್ರದಲ್ಲಿದ್ದ ಕಂಪೆನಿಯ ಅಲನ್ ಮೆಕ್‌ಡೊನಾಲ್ಡ್ ಸಹಿ ಹಾಕಲು ಒಪ್ಪಲಿಲ್ಲ. ಯೂಟಾದಲ್ಲಿದ್ದ ಮೇಲಧಿಕಾರಿ ಸಹಿ ಮಾಡಿ ಫ್ಯಾಕ್ಸ್ ಕಳಿಸಿದರು. ಕಾಗದ ಬಂತು, ಕಡತ ಪೂರ್ತಿಯಾಯಿತು! ಕೊನೆಯ ಅಪ್ಪಣೆ ಕೊಟ್ಟ ನಾಸಾದ ಹಿರಿಯರ ಕಿವಿಗೆ ಆ ರಾತ್ರಿಯ ವಾದ ಬೀಳಲೇ ಇಲ್ಲ. ಬೆಳಿಗ್ಗೆ ನೌಕೆ ಹಾರಿದಾಗ ಇದ್ದದ್ದು ಸುಮಾರು 2 ಡಿಗ್ರಿ.

ಫೆಬ್ರವರಿ 10ರಂದು ವಾಷಿಂಗ್ಟನ್ನಿನಲ್ಲಿ ರೋಜರ್ಸ್ ಆಯೋಗ ಮುಚ್ಚಿದ ಬಾಗಿಲೊಳಗೆ ವಿಚಾರಣೆ ನಡೆಸಿತು. ಥಿಯೊಕಾಲ್ ಚಳಿಯ ಬಗ್ಗೆ ಕಳವಳಪಟ್ಟಿದ್ದುಂಟು, ಆದರೆ ಕೊನೆಗೆ ಹಾರಿಸಬಹುದೆಂದಿತು ಎಂದು ನಾಸಾ ಅಧಿಕಾರಿಯೊಬ್ಬರು ಹೇಳಿದರು. ಮಾತು ಸುಳ್ಳಲ್ಲ, ಅರ್ಧ ಅಷ್ಟೆ. ಪಾಟೀಸವಾಲಿಗೂ ಸುಲಭವಾಗಿ ಸಿಕ್ಕಿಬೀಳದ ಮಾತು ಇಂಥದ್ದೇ. ಹಿಂದುಗಡೆ ಕುಳಿತಿದ್ದ ಮೆಕ್‌ಡೊನಾಲ್ಡರನ್ನು ಯಾರೂ ಸಾಕ್ಷಿ ಹೇಳಲು ಕರೆದಿರಲಿಲ್ಲ. ಅವರೇ ಎದ್ದು ನಿಂತರು. ಹಾರಿಸಬೇಡಿ ಎಂದು ತಮ್ಮ ಕಂಪೆನಿ ಬರವಣಿಗೆಯಲ್ಲೇ ತಿಳಿಸಿತ್ತೆಂದರು. ಅಧ್ಯಕ್ಷ ರೋಜರ್ಸ್ ಅವರನ್ನು ಮುಂದಕ್ಕೆ ಕರೆದು ಮತ್ತೊಮ್ಮೆ ಹೇಳಿಸಿದರು.

ಮರುದಿನ ಆಯೋಗದ ಸದಸ್ಯ, ಭೌತವಿಜ್ಞಾನಿ ರಿಚರ್ಡ್ ಫೈನ್‌ಮನ್ ಉಂಗುರದ ರಬ್ಬರನ್ನು ಮಂಜುಗಡ್ಡೆಯ ನೀರಿನಲ್ಲಿ ಅದ್ದಿ ತೋರಿಸಿದರು. ಶಾಲೆಯಲ್ಲೂ ಮಾಡಬಹುದಾದ ಸೊಗಸಾದ ಪ್ರಯೋಗ; ಜಗತ್ತಿನ ನೆನಪಿನಲ್ಲಿ ಉಳಿದದ್ದೂ ಅದೇ. ಆದರೆ ರಬ್ಬರ್ ಗಡುಸಾಗುತ್ತದೆ ಎಂದಷ್ಟೇ ಆ ಲೋಟ ಹೇಳಬಲ್ಲದು. ಅದು ಯಾರಿಗೆ ಮೊದಲೇ ಗೊತ್ತಿತ್ತು ಎಂಬುದನ್ನು ಮನುಷ್ಯರೇ ಹೇಳಬೇಕಿತ್ತು.

ಕಂಪೆನಿ ಮೆಕ್‌ಡೊನಾಲ್ಡರನ್ನು ಹುದ್ದೆಯಿಂದ ಕೆಳಗಿಳಿಸಿತು. ಅಮೆರಿಕದ ಸಂಸತ್ತಿನಲ್ಲಿ ಗದ್ದಲವೆದ್ದ ಮೇಲೆ ಸ್ಥಾನ ಮರಳಿ ಸಿಕ್ಕಿತು. ಸಂದನ್ನು ಹೊಸದಾಗಿ ರೂಪಿಸುವ ಕೆಲಸವನ್ನೂ ಅವರಿಗೇ ವಹಿಸಿದರು. 1988ರ ಸೆಪ್ಟೆಂಬರ್‌ನಲ್ಲಿ ಗಗನನೌಕೆ ಮತ್ತೆ ಹಾರಿದಾಗ ಆ ಸಂದುಗಳಲ್ಲಿ ಮೂರನೆಯ ಉಂಗುರವಿತ್ತು, ಬೆಚ್ಚಗಿಡಲು ಹೀಟರೂ ಇತ್ತು.